ಗೋಡೆಗಿರುವ ಕರಾರು ದುಡಿಯುವ ಕೈಗೇಕಿಲ್ಲ?



ಪಟ್ಟಣದ ಕಟ್ಟಡಗಳ ವ್ಯಾಪಾರದ ಮಾತು ತೋಟದ ಲೈನಿನಲ್ಲಿ ಏಕೆ ಎಂದು ನಿಮ್ಮಲ್ಲಿ ಕೆಲವರು ಕೇಳಬಹುದು. ಸೊಪ್ಪಿನ ತೂಕ, ಕೂಲಿಯ ದರ, ಸೋರುವ ಮಾಡು, ಇಷ್ಟು ಚಿಂತೆ ಸಾಲದೆ ಎನ್ನಬಹುದು. ಆದರೆ ಒಂದು ಲೆಕ್ಕ ಹಾಕಿ ನೋಡಿ. ನಮ್ಮ ಲೈನುಗಳಲ್ಲಿ ಎಷ್ಟು ಮನೆಯ ಮಕ್ಕಳು ಇಂದು ಬೆಟ್ಟದಲ್ಲಿದ್ದಾರೆ? ವಾಲ್ಪಾರೈನಿಂದ ಆಳಿಯಾರಿಗೆ ನಲವತ್ತು ತಿರುವು ಇಳಿದು ಹೋದವರು ಎಲ್ಲಿ ನಿಂತಿದ್ದಾರೆ? ಕೋಯಮತ್ತೂರಿನ ಮಾಲ್‌ಗಳ ಬಾಗಿಲಲ್ಲಿ, ಐ.ಟಿ. ಕಟ್ಟಡಗಳ ಶೌಚಾಲಯಗಳಲ್ಲಿ, ಹೆದ್ದಾರಿಯ ಪಕ್ಕದ ಗೋದಾಮುಗಳಲ್ಲಿ, ತಿರುಪ್ಪೂರಿನ ಬನಿಯನ್ ಶೆಡ್ಡುಗಳಲ್ಲಿ. ಆ ಕಟ್ಟಡಗಳ ಭಾಗ್ಯವೂ ದೌರ್ಭಾಗ್ಯವೂ ಈಗ ನಮ್ಮ ಒಲೆಯ ತನಕ ಬಂದಿದೆ. ಆದ್ದರಿಂದ ಈ ವ್ಯಾಪಾರ ಹೇಗೆ ನಡೆಯುತ್ತದೆ ಎಂಬುದನ್ನು ನಾವು ತಿಳಿಯಲೇಬೇಕು.

ಕಟ್ಟಡ ವ್ಯಾಪಾರಿಗಳು ತಮ್ಮ ಲೆಕ್ಕವನ್ನು ನಾಲ್ಕು ಭಾಗ ಮಾಡುತ್ತಾರೆ: ಆಫೀಸು, ಅಂಗಡಿ, ಗೋದಾಮು, ಹೋಟೆಲು. ಪ್ರತಿಯೊಂದರಲ್ಲೂ ಚದರಡಿಗೆ ಬಾಡಿಗೆ ಎಷ್ಟು, ಖಾಲಿ ಬಿದ್ದಿರುವುದೆಷ್ಟು, ಹಾಕಿದ ಹಣಕ್ಕೆ ಹುಟ್ಟುವಳಿ ಎಷ್ಟು ಎಂದು ಬರೆಯುತ್ತಾರೆ. 2020ರಲ್ಲಿ ಕೊರೋನಾ ಬಂದಾಗ ಆಫೀಸುಗಳು ಬರಿದಾದವು, ಮಾಲ್‌ಗಳಿಗೆ ಬೀಗ ಬಿತ್ತು. ಜನ ಮನೆಯಲ್ಲೇ ಕುಳಿತು ಫೋನಿನಲ್ಲಿ ಸಾಮಾನು ತರಿಸಿದ್ದರಿಂದ ಗೋದಾಮಿಗೆ ಬೇಡಿಕೆ ಏರಿತು. ಆಮೇಲೆ ಆಫೀಸೂ ಅಂಗಡಿಯೂ ಚೇತರಿಸಿಕೊಂಡವು. ಒಂದು ಕುಸಿದರೆ ಇನ್ನೊಂದಕ್ಕೆ ಹಣ ಹಾರುತ್ತದೆ. ಹಣಕ್ಕೆ ರೆಕ್ಕೆಯಿದೆ. ಆದರೆ ಬೀಗ ಬಿದ್ದ ಮಾಲಿನಲ್ಲಿ ನೆಲ ಒರೆಸುತ್ತಿದ್ದ ಹೆಣ್ಣುಮಗಳು ಎಲ್ಲಿಗೆ ಹಾರಬೇಕಿತ್ತು? ಅವಳು ಹಳೇ ಬಟ್ಟೆಯ ಗಂಟು ಹೊತ್ತು ಮತ್ತೆ ಬೆಟ್ಟ ಹತ್ತಿದಳು. ಚದರಡಿಗಳನ್ನು ಎಣಿಸುವ ಆ ಲೆಕ್ಕದ ಪುಸ್ತಕದಲ್ಲಿ ಅವಳಿಗೆ ಒಂದು ಕಾಲಮ್ಮೂ ಇಲ್ಲ.

ಈ ಕಟ್ಟಡಗಳು ನಿಂತಿರುವ ನೆಲವನ್ನೂ ನೋಡಿ. ಕೋಯಮತ್ತೂರನ್ನು ಕಟ್ಟಿದ್ದು ಹತ್ತಿಯ ಮಿಲ್ಲುಗಳು. 1888ರಲ್ಲಿ ಸ್ಟೇನ್ಸ್ ಮಿಲ್ಲು ಬಂತು, 1910ರಲ್ಲಿ ಲಕ್ಷ್ಮಿ ಮಿಲ್ಲು ಬಂತು, 1932ರಲ್ಲಿ ಪೈಕಾರಾ ವಿದ್ಯುತ್ ಬಂದ ಮೇಲೆ ಸಾಲುಸಾಲಾಗಿ ಮಿಲ್ಲುಗಳು ಎದ್ದವು. ಅಲ್ಲಿನ ದುಡಿಮೆಗಾರರು ಸುಮ್ಮನೆ ಕೂಲಿ ಎಣಿಸಿಕೊಂಡು ಹೋದವರಲ್ಲ. ರಂಗವಿಲಾಸ್ ಮಿಲ್ಲಿನ ಹೋರಾಟದಲ್ಲಿ ಚಿನ್ನಿಯಂಪಾಳಯದ ನಾಲ್ವರು ಕಾರ್ಮಿಕರನ್ನು 1946ರ ಜನವರಿ 8ರಂದು ಕೋಯಮತ್ತೂರು ಸೆರೆಮನೆಯಲ್ಲಿ ಗಲ್ಲಿಗೇರಿಸಲಾಯಿತು. ಅಂಥ ನೆಲ ಇಂದು ಏನಾಗುತ್ತಿದೆ? ಟೀ ಹೆಸರಿನಿಂದಲೇ ಪ್ರಸಿದ್ಧವಾದ ಬ್ರೂಕ್ ಬಾಂಡ್ ಕಂಪನಿ ಇದ್ದ ಜಾಗದಲ್ಲಿ 2009ರಲ್ಲಿ ಮಾಲ್ ತೆರೆಯಿತು; ರಸ್ತೆಯನ್ನು ಮಾತ್ರ ಜನ ಇನ್ನೂ ಬ್ರೂಕ್ ಬಾಂಡ್ ರಸ್ತೆ ಎನ್ನುತ್ತಾರೆ. ಅವಿನಾಶಿ ರಸ್ತೆಯ ಲಕ್ಷ್ಮಿ ಮಿಲ್ಲಿನ ಆವರಣದಲ್ಲಿ 2023ರಲ್ಲಿ ಲೂಲೂ ಅಂಗಡಿ ಬಂತು. ನಮ್ಮ ಬೆಂಗಳೂರಿನಲ್ಲೂ ಇದೇ ಕಥೆ: ಮಲ್ಲೇಶ್ವರದ ರಾಜಾ ಮಿಲ್ಲಿನ ನೆಲದಲ್ಲಿ 2010ರಲ್ಲಿ ಮಂತ್ರಿ ಮಾಲ್ ಎದ್ದಿತು. ಅವಿನಾಶಿ ರಸ್ತೆಯ ಮೇಲೆ 2025ರ ಅಕ್ಟೋಬರ್‌ನಲ್ಲಿ ಹತ್ತು ಕಿಲೋಮೀಟರಿನ ಜಿ.ಡಿ. ನಾಯ್ಡು ಮೇಲುಸೇತುವೆಯೂ ಬಂತು. ಸರಕಾರದ ಹಣದಿಂದ ರಸ್ತೆ ಎದ್ದಿತು, ಪಕ್ಕದ ಖಾಸಗಿ ನೆಲದ ಬೆಲೆಯೂ ಜೊತೆಗೆ ಎದ್ದಿತು. ಆ ಏರಿಕೆಗೆ ನೆಲದೊಡೆಯ ಒಂದು ಬುಟ್ಟಿ ಮಣ್ಣು ಹೊತ್ತನೆ?

ಬಂಧುಗಳೇ, ಈಗ ಮುಖ್ಯ ಮಾತಿಗೆ ಬರೋಣ. ಅಂಗಡಿಯವನೋ ಕಂಪನಿಯೋ ಇಂಥ ಕಟ್ಟಡದಲ್ಲಿ ಜಾಗ ಹಿಡಿದಾಗ ಒಂದು ಕರಾರುಪತ್ರ ಬರೆಯುತ್ತಾರೆ. ಅದರಲ್ಲಿ ಸಾಮಾನ್ಯವಾಗಿ ನಾಲ್ಕು ಮಾತುಗಳಿರುತ್ತವೆ. ಒಂದು, ಮುಂಗಡ: ಹಲವು ತಿಂಗಳ ಬಾಡಿಗೆಯನ್ನು ಮೊದಲೇ ಇಡಬೇಕು. ಎರಡು, ಕಟ್ಟುಪಾಡಿನ ಅವಧಿ: ಇಂತಿಷ್ಟು ವರ್ಷ ಬಿಟ್ಟುಹೋಗುವಂತಿಲ್ಲ, ಹೋದರೂ ಬಾಡಿಗೆ ಕೊಟ್ಟೇ ಹೋಗಬೇಕು. ಮೂರು, ಏರಿಕೆ: ಮೂರು ವರ್ಷಕ್ಕೊಮ್ಮೆ ಶೇ. 15, ಇಲ್ಲವೇ ವರ್ಷಕ್ಕೆ ಶೇ. 5, ಹೀಗೆ ಬಾಡಿಗೆ ತಾನಾಗಿಯೇ ಏರಬೇಕು. ಯಾರೂ ಮುಷ್ಕರ ಹೂಡಬೇಕಾಗಿಲ್ಲ. ನಾಲ್ಕು, ನಿರ್ವಹಣೆ: ಕಟ್ಟಡದ ಗುಡಿಸುವಿಕೆ, ಕಾವಲು, ಲಿಫ್ಟು, ದೀಪ ಇವುಗಳ ಖರ್ಚನ್ನು ಬಾಡಿಗೆದಾರ ಚದರಡಿಯ ಲೆಕ್ಕದಲ್ಲಿ ತಿಂಗಳು ತಿಂಗಳೂ ಕೊಡಬೇಕು.

ಇದೆಲ್ಲ ಕಲ್ಲಿಗೆ, ಗಾಜಿಗೆ, ಸಿಮೆಂಟಿಗೆ ಸಿಗುವ ಭದ್ರತೆ. ಈಗ ಅದೇ ಕಟ್ಟಡದೊಳಗೆ ದುಡಿಯುವ ನಮ್ಮ ಮಗನ ಕರಾರು ತೋರಿಸಿ. ಮುಂಗಡವೇ? ಸಮವಸ್ತ್ರದ ಹಣವೆಂದು ಅವನ ಮೊದಲ ಸಂಬಳದಿಂದಲೇ ಮುರಿಯುವವರುಂಟು. ಅವಧಿಯೇ? ನಾಳೆ ಬರಬೇಡ ಎಂದರೆ ಮುಗಿಯಿತು. ಏರಿಕೆಯೇ? ಗುತ್ತಿಗೆದಾರ ಬದಲಾದಾಗಲೆಲ್ಲ ಹಳೇ ಸರ್ವೀಸು ಸುಟ್ಟು ಹೋಗಿ, ಹತ್ತು ವರ್ಷ ದುಡಿದವನೂ ಹೊಸಬನೇ. ನಿರ್ವಹಣೆಯೇ? ಗುಡಿಸುವವಳ ಹೆಸರಿನಲ್ಲಿ ಬಾಡಿಗೆದಾರರಿಂದ ವಸೂಲಾಗುವ ಹಣ ಅತಿ ಕಡಿಮೆ ದರ ಬರೆದ ಗುತ್ತಿಗೆದಾರನ ಕೈಗೆ ಹೋಗಿ, ಅವನ ಪಾಲು ಕಳೆದು ಉಳಿದ ಚೂರು ಅವಳಿಗೆ ಬೀಳುತ್ತದೆ. ದಿನಕ್ಕೆ ಹತ್ತು ಹನ್ನೆರಡು ಗಂಟೆ ನಿಂತೇ ಇರುವ ಅಂಗಡಿಯ ಹೆಣ್ಣುಮಕ್ಕಳಿಗೆ ಕುಳಿತುಕೊಳ್ಳಲು ಒಂದು ಸ್ಟೂಲ್ ಬೇಕು ಎಂದು ಹೇಳುವುದಕ್ಕೆ ಕಾನೂನೇ ಬೇಕಾಯಿತು! ಕೇರಳ 2018ರಲ್ಲಿ, ತಮಿಳುನಾಡು 2021ರಲ್ಲಿ ಆ ಕಾನೂನು ಮಾಡಿದವು. ಕಾನೂನಿನಲ್ಲಿ ಸ್ಟೂಲಿದೆ. ಅಂಗಡಿಯಲ್ಲಿ ಇದೆಯೇ ಎಂದು ನಿಮ್ಮ ಮಗಳನ್ನೇ ಕೇಳಿ.

ಇನ್ನೊಂದು ಸಂಗತಿ. ದೊಡ್ಡ ಕಟ್ಟಡಗಳ ಬಾಡಿಗೆಯನ್ನು ಈಗ ತುಂಡು ತುಂಡಾಗಿ ಷೇರುಪೇಟೆಯಲ್ಲೂ ಮಾರುತ್ತಾರೆ. ಭಾರತದಲ್ಲಿ ಇಂಥ ಮೊದಲ ಟ್ರಸ್ಟು 2019ರಲ್ಲಿ ಬೆಂಗಳೂರಿನ ಎಂಬಸಿ ಸಂಸ್ಥೆಯ ಹೆಸರಿನಲ್ಲಿ ಬಂತು. ಹಂಚಲು ಉಳಿಯುವ ಹಣದಲ್ಲಿ ಶೇ. 90ಕ್ಕೆ ಕಡಿಮೆಯಿಲ್ಲದಂತೆ ಹೂಡಿಕೆದಾರರಿಗೆ ಹಂಚಲೇಬೇಕು ಎಂಬುದು ನಿಯಮ. ಹಣ ಹಾಕಿದವನಿಗೆ ಕಡ್ಡಾಯ ಪಾಲು ಕೊಡಿಸಬಲ್ಲ ಸರಕಾರಕ್ಕೆ, ಬೆವರು ಹಾಕಿದವಳಿಗೆ ಒಂದು ಪಾಲು ಕೊಡಿಸಲು ಏಕೆ ಕೈ ನಡುಗುತ್ತದೆ?

ತಿರುಪ್ಪೂರಿನವರು ಇದನ್ನು ಚೆನ್ನಾಗಿ ಬಲ್ಲರು. 2025ರ ಆಗಸ್ಟ್‌ನಲ್ಲಿ ಅಮೇರಿಕಾ ನಮ್ಮ ದೇಶದ ಸರಕಿನ ಮೇಲೆ ಶೇ. 50 ಸುಂಕ ಹಾಕಿದಾಗ ಬನಿಯನ್ ಆರ್ಡರುಗಳು ತಡೆದು ನಿಂತವು. ಶೆಡ್ಡಿನ ಬಾಡಿಗೆ ನಿಲ್ಲಲಿಲ್ಲ, ಬ್ಯಾಂಕಿನ ಬಡ್ಡಿ ನಿಲ್ಲಲಿಲ್ಲ, ಅವೆರಡಕ್ಕೂ ಕರಾರಿದೆ. ಇಂಥ ಕಾಲದಲ್ಲಿ ಮೊದಲು ನಿಲ್ಲುವುದು ಓವರ್‌ಟೈಮು, ಆಮೇಲೆ ಪೀಸು ಕೆಲಸ, ಆಮೇಲೆ ಆಳು. ನಷ್ಟವನ್ನು ಯಾರ ಹೆಗಲಿಗೆ ಇಳಿಸುವುದು ಸುಲಭವೋ ಅವರ ಹೆಗಲಿಗೇ ಇಳಿಸುತ್ತಾರೆ.

"ಕಟ್ಟಡ ಬಂದರೆ ತಾನೇ ಕೆಲಸ ಬರುವುದು? ಜಿಗಣೆ ಕಚ್ಚುವ ತೋಟಕ್ಕಿಂತ ತಣ್ಣನೆಯ ಮಾಲು ಲೇಸಲ್ಲವೆ?" ಎಂದು ಕೇಳುವವರಿದ್ದಾರೆ. ಈ ಮಾತನ್ನು ನಾವು ತಳ್ಳಿಹಾಕುವುದಿಲ್ಲ. ನಮ್ಮ ಹೆಣ್ಣುಮಕ್ಕಳು ತಾವೇ ದುಡಿದು ತಮ್ಮ ಹೆಸರಿನಲ್ಲಿ ಬ್ಯಾಂಕಿನ ಪುಸ್ತಕ ಮಾಡಿಸಿದ್ದಾರೆ. ಅದು ಸಂತೋಷದ ವಿಷಯ. ಕಟ್ಟಡ ಬೇಡವೆಂದು ನಾವು ಎಲ್ಲಿಯೂ ಹೇಳಿಲ್ಲ. ಮಿಲ್ಲೂ ಒಂದು ಕಾಲದಲ್ಲಿ ಹೊಸದೇ, ತೋಟವೂ ಹೊಸದೇ. ಅಲ್ಲಿ ಬೋನಸ್ಸು, ಪಿ.ಎಫ್., ಗ್ರಾಚುಯಿಟಿ, ಎಂಟು ಗಂಟೆಯ ದಿನ ಇವೆಲ್ಲ ಕಟ್ಟಡದ ಜೊತೆಗೆ ತಾವಾಗಿ ಬರಲಿಲ್ಲ. ಸಂಘ ಕಟ್ಟಿದವರು ತಂದರು. ಹೊಸ ಕಟ್ಟಡಗಳಲ್ಲಿ ಕೆಲಸ ಬಂದಿದೆ, ಸಂಘ ಬಂದಿಲ್ಲ.

ಇದು ಬಯಲಿನ ಮಾತಷ್ಟೇ ಎಂದು ಬೆಟ್ಟದವರು ನಿಶ್ಚಿಂತೆಯಿಂದ ಇರಬೇಡಿ. ಹೋಟೆಲು ಎಂಬ ಆ ನಾಲ್ಕನೆಯ ಭಾಗ ಬೆಟ್ಟ ಹತ್ತಿ ಆಗಿದೆ. ದೊರೆಗಳ ಬಂಗಲೆಗಳು ಅತಿಥಿಗೃಹಗಳಾಗಿವೆ. ಪ್ರವಾಸಿಗರ ವಾಹನ ಎಷ್ಟು ಹೆಚ್ಚಿತೆಂದರೆ 2025ರ ನವೆಂಬರ್‌ನಿಂದ ವಾಲ್ಪಾರೈಗೂ ಇ-ಪಾಸ್ ಜಾರಿಗೆ ಬಂತು. ಸೊಪ್ಪಿಗಿಂತ ನೋಟಕ್ಕೆ ಬೆಲೆ ಹೆಚ್ಚು ಎಂದು ಮಾಲೀಕರಿಗೆ ತೋರಿದ ದಿನ ಲೈನು ಮನೆಯ ಜಾಗದ ಮೇಲೂ ಕಣ್ಣು ಬೀಳುತ್ತದೆ. ನೆನಪಿಡಿ: ತಮಿಳುನಾಡಿನ 1961ರ ಕಾನೂನು ಉಳಿದ ಜಮೀನುದಾರರಿಗೆ ಭೂಮಿತಿ ಹಾಕಿದಾಗ ತೋಟಗಳಿಗೆ ವಿನಾಯಿತಿ ಕೊಟ್ಟಿತು. ಆ ವಿನಾಯಿತಿ ಬೆಳೆಗಾಗಿ, ಬೆಳೆಯ ಮೇಲೆ ಬದುಕುವ ಸಾವಿರಾರು ಕೈಗಳಿಗಾಗಿ. ಈಜುಕೊಳಕ್ಕಾಗಿ ಕೊಟ್ಟದ್ದಲ್ಲ.

ತಿರುನೆಲ್ವೇಲಿಯ ಮಾಂಜೋಲೈ ನಮಗೆ ಕನ್ನಡಿಯಾಗಲಿ. ಅಲ್ಲಿನ ನೆಲವನ್ನು 1929ರಲ್ಲಿ 99 ವರ್ಷಕ್ಕೆ ಗುತ್ತಿಗೆ ಪಡೆದರು. ಅವಧಿ ಮುಗಿಯುವುದು 2028ರಲ್ಲಿ. ಆದರೆ 2024ರಲ್ಲೇ ಕಾರ್ಮಿಕರಿಂದ ಸ್ವಯಂ ನಿವೃತ್ತಿಗೆ ಸಹಿ ಹಾಕಿಸಿ, ಮನೆ ಬಿಡಿ ಎಂದರು. ನೆಲಕ್ಕೆ 99 ವರ್ಷದ ಕರಾರು. ಅದೇ ನೆಲದಲ್ಲಿ ಹುಟ್ಟಿ, ದುಡಿದು, ಸತ್ತವರನ್ನು ಹೂಳಿದ ನಾಲ್ಕು ತಲೆಮಾರಿನ ಜನರಿಗೆ ಕೆಲವು ವಾರಗಳ ನೋಟೀಸು. ಗೋಡೆಗೂ ಕೈಗೂ ಇರುವ ವ್ಯತ್ಯಾಸ ಇದಕ್ಕಿಂತ ಸ್ಪಷ್ಟವಾಗಿ ಬೇಕೆ?

ಬಯಲಿನಲ್ಲಿ ಇನ್ನೂ ತೀರ್ಮಾನವಾಗಬೇಕಾದ ಒಂದು ದೊಡ್ಡ ವಿಷಯವಿದೆ. 1974ರಲ್ಲಿ ರಾಷ್ಟ್ರೀಕರಣವಾದ ಮಿಲ್ಲುಗಳನ್ನು ನೋಡಿಕೊಳ್ಳುವ ನ್ಯಾಷನಲ್ ಟೆಕ್ಸ್‌ಟೈಲ್ ಕಾರ್ಪೊರೇಷನ್ ಕೈಯಲ್ಲಿ ಕೋಯಮತ್ತೂರಿನ ಐದು ಮಿಲ್ಲುಗಳಿವೆ: ಪಂಕಜಾ, ಕಂಬೋಡಿಯಾ, ಮುರುಗನ್, ರಂಗವಿಲಾಸ್, ಮತ್ತು ಸ್ಟೇನ್ಸ್ ಎಂದು ಹೆಸರಾದ ಕೋಯಮತ್ತೂರು ಸ್ಪಿನ್ನಿಂಗ್. 2020ರ ಮಾರ್ಚ್ ಲಾಕ್‌ಡೌನ್‌ಗೆ ನಿಂತ ಯಂತ್ರಗಳನ್ನು, ದೇಶವೆಲ್ಲ ತೆರೆದ ಮೇಲೂ ಮೊದಲಿನಂತೆ ಪೂರ್ತಿಯಾಗಿ ತಿರುಗಿಸಲಿಲ್ಲ. ನಗರದ ನಡುವಿನ ಈ ನೆಲ ಪ್ರಜೆಗಳ ಸ್ವತ್ತು. ಮುಂಬಯಿಯಲ್ಲಿ ಆದದ್ದು ಇಲ್ಲಿ ಆಗಬಾರದು. ಅಲ್ಲಿ 1991ರ ನಿಯಮದಂತೆ ಮಿಲ್ಲಿನ ನೆಲ ಮಾರಿದರೆ ಮೂರನೆಯ ಒಂದು ಪಾಲು ನಗರದ ಬಯಲಿಗೆ, ಒಂದು ಪಾಲು ಬಡವರ ಮನೆಗೆ, ಒಂದು ಪಾಲು ಮಾಲೀಕನಿಗೆ ಎಂದಿತ್ತು. 2001ರಲ್ಲಿ ನಿಯಮ ತಿದ್ದಿ, ಕಟ್ಟಡವಿಲ್ಲದ ಖಾಲಿ ಜಾಗವನ್ನಷ್ಟೇ ಹಂಚಿದರೆ ಸಾಕು ಎಂದರು. 2006ರಲ್ಲಿ ಸುಪ್ರೀಂ ಕೋರ್ಟು ಆ ತಿದ್ದುಪಡಿಯನ್ನು ಎತ್ತಿಹಿಡಿಯಿತು. ಮಿಲ್ಲುಗಳಿದ್ದ ಕಡೆ ಗಾಜಿನ ಗೋಪುರಗಳೆದ್ದವು. ಕಾರ್ಮಿಕರು ಮನೆಗಾಗಿ ಲಾಟರಿ ಚೀಟಿಗೆ ಕಾದರು. ಒಂದು ಸಾಲು ತಿದ್ದಿದ್ದಕ್ಕೆ ಒಂದು ಊರು ಹೋಯಿತು. ಕೋಯಮತ್ತೂರಿನಲ್ಲಿ ಆ ಸಾಲು ಬರೆಯುವ ಮೊದಲೇ ನಮ್ಮ ದನಿ ಕೇಳಬೇಕು: ಮೊದಲು ಮಿಲ್ಲು ನಡೆಸಿರಿ, ಆಗದಿದ್ದರೆ ಆ ನೆಲದಲ್ಲಿ ದುಡಿಮೆಗಾರರ ವಸತಿಯೂ ಹೆಣ್ಣುಮಕ್ಕಳ ಹಾಸ್ಟೆಲೂ ಬರಲಿ.

ಇದೆಲ್ಲ ರಾಜಕೀಯ, ದೇವಾಲಯದ ಪತ್ರಿಕೆಗೆ ಏಕೆ ಎನ್ನುವವರು ಬೈಬಲನ್ನು ತೆರೆಯಲಿ. ಯೆರೆಮೀಯನ 22ನೆಯ ಅಧ್ಯಾಯದಲ್ಲಿ ಪ್ರವಾದಿ ಅರಸನ ಅರಮನೆಯ ಮುಂದೆಯೇ ನಿಂತು, ಅನ್ಯಾಯದಿಂದ ಮಹಡಿ ಏರಿಸಿ ನೆರೆಯವನಿಗೆ ಕೂಲಿ ಕೊಡದವನ ಗತಿಯನ್ನು ಸಾರುತ್ತಾನೆ. ಅಗಲವಾದ ಕಿಟಕಿ, ದೇವದಾರಿನ ಹಲಗೆ, ಕೆಂಪು ಬಣ್ಣ ಎಲ್ಲವೂ ಅಲ್ಲಿ ಲೆಕ್ಕಕ್ಕೆ ಬಂದಿವೆ. ಅಹಾಬನು ನಾಬೋತನ ತೋಟ ಕೇಳಿದ್ದೂ ಅರಮನೆಯ ಪಕ್ಕದ ನೆಲವೆಂದೇ. ಒಳ್ಳೆಯ ಬೆಲೆ ಕೊಡುತ್ತೇನೆ ಎಂದೇ ಮಾತು ಆರಂಭಿಸಿದ. ಕೊನೆಗೆ ಸುಳ್ಳುಸಾಕ್ಷಿ, ಕಲ್ಲೇಟು. 1891ರಲ್ಲಿ ಹದಿಮೂರನೆಯ ಲಿಯೋ ಜಗದ್ಗುರುಗಳು ಕಾರ್ಮಿಕರ ಸಂಘದ ಹಕ್ಕನ್ನು ಎತ್ತಿಹಿಡಿದು ಪತ್ರ ಬರೆದರು. ಅದೇ ನೆನಪಿನಲ್ಲಿ 2025ರಲ್ಲಿ ಹೊಸ ಜಗದ್ಗುರುಗಳು ಹದಿನಾಲ್ಕನೆಯ ಲಿಯೋ ಎಂಬ ಹೆಸರು ಇಟ್ಟುಕೊಂಡರು. ಮೌನ ನಮ್ಮ ಧರ್ಮ ಎಂದು ನಮಗೆ ಕಲಿಸಿದವರು ಯಾರು?

ಆದ್ದರಿಂದ ಪ್ರತಿ ಲೈನಿನಲ್ಲಿಯೂ ಈ ತಿಂಗಳ ಕೂಟದಲ್ಲಿ ಇವನ್ನು ಮಾತಾಡಿ ತೀರ್ಮಾನಿಸಿರಿ.

ಒಂದು: ಬೆಟ್ಟ ಇಳಿದ ಪ್ರತಿ ಮಗುವೂ ನೇಮಕಾತಿ ಪತ್ರ ಕೇಳಲಿ. 2025ರ ನವೆಂಬರ್ 21ರಿಂದ ಜಾರಿಗೆ ಬಂದ ಕಾರ್ಮಿಕ ಸಂಹಿತೆಯಲ್ಲಿ ಅದನ್ನು ಕೊಡಲೇಬೇಕೆಂದಿದೆ. ನಮ್ಮ 1951ರ ತೋಟ ಕಾರ್ಮಿಕರ ಕಾನೂನೂ ಇದರೊಳಗೇ ಸೇರಿಹೋಗಿದೆ; ಹೊಸ ಸಂಹಿತೆಯಲ್ಲಿ ನಾವು ವಿರೋಧಿಸುವುದು ಬಹಳವಿದ್ದರೂ, ಸಿಗುವುದನ್ನು ಬಿಡಬೇಕಾಗಿಲ್ಲ.

ಎರಡು: ಗುತ್ತಿಗೆದಾರ ಕೂಲಿ ಕೊಡದೆ ಓಡಿದರೆ ಅಳುತ್ತ ಬರಬೇಡಿ. ಕೊಡಬೇಕಾದವನು ಕೆಲಸ ಮಾಡಿಸಿಕೊಂಡ ಮೂಲ ಮಾಲೀಕನು. ದಿನಾಂಕ, ಗಂಟೆ, ಕಟ್ಟಡದ ಹೆಸರು ಬರೆದಿಟ್ಟ ಒಂದು ನೋಟುಪುಸ್ತಕ ಸಾಕು. ಸಂಘ ಉಳಿದದ್ದನ್ನು ನೋಡುತ್ತದೆ.

ಮೂರು: ಸ್ವಯಂ ನಿವೃತ್ತಿಯೋ, ಮನೆ ಖಾಲಿಯೋ, ಯಾವ ಕಾಗದಕ್ಕೂ ಒಬ್ಬೊಬ್ಬರಾಗಿ ಸಹಿ ಹಾಕಬೇಡಿ. ಗ್ರಾಚುಯಿಟಿ ನೀವು ದುಡಿದ ಹಣ, ಮನೆಯ ಬೀಗದ ಕೈಗೆ ಬದಲಾಗಿ ಕೊಡುವ ಇನಾಮಲ್ಲ.

ನಾಲ್ಕು: ಕಟ್ಟಡ ಕಾರ್ಮಿಕರ, ಅಂಗಡಿ ಕಾರ್ಮಿಕರ, ಕಾವಲುಗಾರರ ಸಂಘಗಳೊಡನೆ ತೋಟದ ಸಂಘ ಕೈ ಜೋಡಿಸಲಿ. ತಾಯಿ ತೋಟದಲ್ಲಿ ಸದಸ್ಯೆ, ಮಗಳು ಮಾಲಿನಲ್ಲಿ ಅನಾಥೆ ಎಂಬುದು ನಮ್ಮ ಸಂಘಕ್ಕೇ ನಾಚಿಕೆ.

ಮುಂಗಡ, ಅವಧಿ, ಏರಿಕೆ, ನಿರ್ವಹಣೆ: ಗೋಡೆಗೆ ಕೊಟ್ಟ ಈ ನಾಲ್ಕು ಮಾತನ್ನು ದುಡಿಯುವ ಕೈಗೂ ಕೊಡಿ ಎಂಬುದೇ ನಮ್ಮ ಬೇಡಿಕೆ. ಬಡಗಿಯ ಮನೆಯಲ್ಲಿ ಬೆಳೆದು, ತಾನೂ ಉಳಿ ಹಿಡಿದ ಪ್ರಭು ಯೇಸುಸ್ವಾಮಿಗೆ ಕಟ್ಟಡವೂ ಗೊತ್ತು, ಕಟ್ಟಿದವನ ಅಂಗೈಯೂ ಗೊತ್ತು. ಆತನು ನಮ್ಮನ್ನು ಒಗ್ಗಟ್ಟಿನಲ್ಲಿ ಕಾಯಲಿ.