ಬದುವಿನ ಹುಲ್ಲು ಯಾರದ್ದು?

ಮಣ್ಣು ಉಳಿಸಬೇಕು, ನೀರು ಇಂಗಿಸಬೇಕು ಎಂದು ನಾವು ರೈತರು ಸಭೆಗಳಲ್ಲಿ ಮಾತಾಡುತ್ತೇವೆ. ಹೊಲದಲ್ಲಿ ಬಗ್ಗಿ ದುಡಿಯುವ ಕೂಲಿಯವರಿಗೆ ಮಾತ್ರ ಈ ವಿಚಾರ ಯಾರೂ ಹೇಳುವುದಿಲ್ಲ. ಮೇಲಿಂದ ‘ಆಳುಗಳಿಗೆ ಕಾಳಜಿ ಇಲ್ಲ’ ಅಂತ ದೂರು ಬೇರೆ. ಯಾಕಿರಬೇಕು? ಬದು ಒಡೆದರೂ ಅವರಿಗೆ ಅಷ್ಟೇ ಕೂಲಿ, ನಿಂತರೂ ಅಷ್ಟೇ.

ಕಳೆ ತೆಗೆಯೋ ಹೆಂಗಸರನ್ನೇ ನೋಡಿ. ಯಾವ ಮೂಲೆಯಲ್ಲಿ ಮಣ್ಣು ಕೊಚ್ಚಿ ಕಲ್ಲು ಎದ್ದಿದೆ, ಎಲ್ಲಿ ನೀರು ಬದು ಹಾರ್ತದೆ, ಯಾವ ಸಾಲಿನ ರಾಗಿ ಮಳೆ ಕೈಕೊಟ್ಟರೂ ತಡಕೊಂಡಿದೆ, ಎಲ್ಲಾ ಅವರ ಕಣ್ಣಿಗೆ ಬಿದ್ದಿರ್ತದೆ. ನಾವು ಕೇಳೋದಿಲ್ಲ, ಬದುವಿನ ಮೇಲೆ ನಿಂತು ‘ಬೇಗ ಬೇಗ’ ಅಂತೀವಿ. ಎಕರೆಗೆ ಇಷ್ಟು ಅಂತ ಗುತ್ತಿಗೆ ಕೊಟ್ಟ ಮೇಲಂತೂ ಮುಗೀತು. ಕಿತ್ತ ಕಳೆ ಸಾಲಿನ ನಡುವೆ ಹೊದಿಕೆಯಾಗೋ ಬದಲು ಹೊಲದಾಚೆ ಬೀಳ್ತದೆ, ತಾನಾಗಿ ಹುಟ್ಟಿದ ಹೊಂಗೆ ಸಸಿಯೂ ಅದರ ಜೊತೆಗೇ.

ನಮ್ಮ ಹೊಲಕ್ಕೆ ಖಾಯಂ ಬರುವ ಇಬ್ಬರು ಹೆಂಗಸರಿಗೆ ಬದುವಿನ ಹುಲ್ಲನ್ನು ಬಿಟ್ಟುಕೊಟ್ಟಿದ್ದೇನೆ. ಹೊಂಗೆಬೀಜ ಆಯ್ದರೆ ಅರ್ಧ ಅವರಿಗೆ. ಕೂಲಿಯಲ್ಲಿ ಮುರಿದುಕೊಳ್ಳುವ ಲೆಕ್ಕ ಅಲ್ಲ ಇದು, ಕೂಲಿ ಪೂರ್ತಿ ಬೇರೆ. ಮನೆಯ ಎಮ್ಮೆ, ಮೇಕೆಗೆ ಬೇಕಾದ ಹುಲ್ಲಾದ್ದರಿಂದ ಬುಡ ಉಳಿಸಿ ಕೊಯ್ತಾರೆ, ಬೇರು ಮಣ್ಣು ಹಿಡಿದಿರ್ತದೆ. ಬೇಸಿಗೆಯಲ್ಲಿ ಬದುವಿಗೆ ಬೆಂಕಿ ಇಡೋದೂ ನಿಂತಿದೆ. ಒಮ್ಮೆ ಜೋರು ಮಳೆಗೆ ಇಲಿ ಬಿಲದಲ್ಲಿ ನೀರು ನುಗ್ಗೋದನ್ನ ಕಂಡು ‘ಅಣ್ಣಾ, ಗುದ್ದಲಿ ತಗಂಡ್ ಬಾ’ ಅಂತ ಕೂಗಿದ್ದು ಅವರೇ.

‘ಇವತ್ತು ಹುಲ್ಲು ಕೊಟ್ಟರೆ ನಾಳೆ ಹೊಲಾನೇ ಕೇಳ್ತಾರೆ’ ಅನ್ನೋರೂ ಇದ್ದಾರೆ. 1974ರ ಭೂಸುಧಾರಣೆ ತಿದ್ದುಪಡಿಯ ಹೆದರಿಕೆ ಅದು, ಐವತ್ತು ವರ್ಷ ಕಳೆದರೂ ಹೋಗಿಲ್ಲ. ಹುಲ್ಲು ಕೊಯ್ಯೋದಕ್ಕೂ ಗೇಣಿ ಮಾಡೋದಕ್ಕೂ ಏನು ಸಂಬಂಧ?

ಮಹಾರಾಷ್ಟ್ರದ ಪುರಂದರ ತಾಲ್ಲೂಕಿನಲ್ಲಿ 1972ರ ಬರದ ನಂತರ ವಿಲಾಸರಾವ್ ಸಾಳುಂಖೆ ಎಂಬ ಎಂಜಿನಿಯರು ಕಟ್ಟಿದ ‘ಪಾಣಿ ಪಂಚಾಯತ್’ ಇದಕ್ಕಿಂತ ಬಹಳ ಮುಂದೆ ಹೋಗಿತ್ತು. ಅಲ್ಲಿ ನೀರು ಹಂಚಿದ್ದು ಎಕರೆ ಲೆಕ್ಕದಲ್ಲಲ್ಲ, ತಲೆ ಲೆಕ್ಕದಲ್ಲಿ. ಒಬ್ಬರಿಗೆ ಅರ್ಧ ಎಕರೆಗೆ ಆಗುವಷ್ಟು. ಭೂಮಿ ಇಲ್ಲದವರಿಗೂ ಹಕ್ಕು. ನೀರು ಕುಡಿಯೋ ಕಬ್ಬು ಹಾಕುವಂತಿರಲಿಲ್ಲ. ನೀರಿನಲ್ಲೇ ಪಾಲು ಕೊಟ್ಟ ರೈತರು ಅವರು. ನಾವು ಹುಲ್ಲಿಗೆ ಲೆಕ್ಕ ಹಾಕ್ತೀವಿ.

ಮುಂಗಾರಿಗೆ ಮುಂಚೆ ಕೂಲಿಯವರನ್ನ ಕರ್ಕೊಂಡು ಹೊಲ ಒಂದು ಸುತ್ತು ಬನ್ನಿ. ಎಲ್ಲಿ ಬದು ಎತ್ತರಿಸಬೇಕು, ಎಲ್ಲಿ ಕಲ್ಲು ಕಟ್ಟಬೇಕು ಅಂತ ಅವರನ್ನೇ ಕೇಳಿ. ಕೊಯ್ಲಿಗೆ ಮುಂಚೆ ಬಿತ್ತನೆ ತೆನೆ ಆರಿಸೋದನ್ನೂ ಅವರಿಗೇ ಬಿಡಿ. ಸುತ್ತಿದ ಆ ಅರ್ಧ ದಿನಕ್ಕೂ ಕೂಲಿ ಕೊಡೋದನ್ನ ಮರೀಬೇಡಿ.