ದಾರಿ ಮುಚ್ಚಿದರೆ ಎಲ್ಲಿಗೆ ಹೋಗಬೇಕು?

ಕಳೆದ ಮಳೆಗಾಲದಲ್ಲಿ ನಮ್ಮ ಪಕ್ಕದ ಮೊಹಲ್ಲಾದಲ್ಲಿ ಒಂದು ಮಯ್ಯಿತನ್ನು ಮಸೀದಿಗೆ ಒಯ್ಯಲು ಗದ್ದೆಯ ಕಟ್ಟಪುಣಿ ಹಿಡಿಯಬೇಕಾಯಿತು. ಮೂವತ್ತು ವರ್ಷದಿಂದ ನಡೆದಾಡುತ್ತಿದ್ದ ಓಣಿಗೆ ಕೆಂಪುಕಲ್ಲಿನ ಕಂಪೌಂಡು ಎದ್ದಿತ್ತು. ಕಟ್ಟಿಸಿದವರು ಹೊರಗಿನವರಲ್ಲ, ಅದೇ ಜಮಾಅತಿನವರು. ಜನಾಝ ಹೊತ್ತ ಹುಡುಗರ ಕಾಲು ಕೆಸರಲ್ಲಿ ಜಾರುವುದನ್ನು ನೋಡಿ ಎಲ್ಲರಿಗೂ ಸಿಟ್ಟು ಬಂತು. ನಾಳೆಯೇ ಜೆಸಿಬಿ ತಂದು ಕೆಡವುವ ಅಂತ ಮಾತಾಯಿತು. ವಾರ ಕಳೆಯುವಾಗ ಮಾತೂ ಇಲ್ಲ, ದಾರಿಯೂ ಇಲ್ಲ.

ಕೆಡವದೇ ಇದ್ದದ್ದು ಒಳ್ಳೆಯದೇ ಆಯಿತು. ಕೆಡವಿದ್ದರೆ ಕೇಸು ನಮ್ಮ ಹುಡುಗರ ಮೇಲೆಯೇ ಬೀಳುತ್ತಿತ್ತು. ಆದರೆ ಸುಮ್ಮನೆ ಕೂತದ್ದು ಸರಿಯಲ್ಲ.

ಮೊದಲು ಅದು ಎಂಥ ದಾರಿ ಅಂತ ತಿಳಿಯಬೇಕು. ಸರ್ವೆ ಇಲಾಖೆಯಿಂದ ಎಫ್‌ಎಂಬಿ ನಕ್ಷೆ ತೆಗೆಸಿ ನೋಡಿ. ಸಾರ್ವಜನಿಕ ರಸ್ತೆ, ಓಣಿ, ಕಾಲುದಾರಿ ಎಲ್ಲವೂ 1964ರ ಕರ್ನಾಟಕ ಭೂಕಂದಾಯ ಕಾಯ್ದೆಯ 67ನೇ ಕಲಂ ಪ್ರಕಾರ ಸರ್ಕಾರದ ಸೊತ್ತು. ನಮ್ಮ ಜಿಲ್ಲೆಯಲ್ಲಿ ಕುಮ್ಕಿಯದ್ದೇ ದೊಡ್ಡ ಗೊಂದಲ. ಕುಮ್ಕಿಯಲ್ಲಿ ವರ್ಗದಾರರಿಗೆ ಇರುವುದು ಸೊಪ್ಪು, ಕಟ್ಟಿಗೆಯಂಥ ಸವಲತ್ತು ಮಾತ್ರ, ಜಾಗ ಸರ್ಕಾರದ್ದು. ಅಲ್ಲಿ ಹಾದುಹೋಗುವ ದಾರಿಗೆ ಗೇಟು ಹಾಕಿ ಬೀಗ ಜಡಿಯಲಿಕ್ಕೆ ಯಾರಿಗೂ ಹಕ್ಕಿಲ್ಲ.

ಸಾರ್ವಜನಿಕ ದಾರಿಯಾದರೆ ಪಂಚಾಯತ್ ಪಿಡಿಒಗೆ ಬರೆದು ಕೊಡಿ, ಸ್ವೀಕೃತಿ ಪಡೆಯಿರಿ. ಬಾಯಿಮಾತಿನ ದೂರಿಗೆ ಬೆಲೆಯಿಲ್ಲ. ಅಲ್ಲಿ ಆಗದಿದ್ದರೆ ಪುತ್ತೂರು ಅಥವಾ ಮಂಗಳೂರಿನ ಸಹಾಯಕ ಆಯುಕ್ತರು ಇದ್ದಾರೆ. ಅವರು ಉಪವಿಭಾಗದ ಮ್ಯಾಜಿಸ್ಟ್ರೇಟರೂ ಹೌದು. ನಾಗರಿಕ ಸುರಕ್ಷಾ ಸಂಹಿತೆಯ 152ನೇ ಕಲಂ, ಅಂದರೆ ಹಿಂದಿನ ಸಿಆರ್‌ಪಿಸಿ 133, ಅಡ್ಡಿ ತೆಗೆಯಿರಿ ಇಲ್ಲವೇ ಬಂದು ಕಾರಣ ಹೇಳಿ ಎಂದು ಆದೇಶಿಸುವ ಅಧಿಕಾರ ಅವರಿಗೆ ಕೊಡುತ್ತದೆ. ಎದುರಿನವರು "ಇದು ಸಾರ್ವಜನಿಕ ದಾರಿಯೇ ಅಲ್ಲ" ಅಂತ ಹೇಳಿ ಅದಕ್ಕೆ ನಂಬುವಂಥ ಪುರಾವೆ ತೋರಿಸಿದರೆ ವಿಚಾರಣೆ ನಿಲ್ಲುತ್ತದೆ, ವಿಷಯ ಸಿವಿಲ್ ಕೋರ್ಟಿಗೆ ಹೋಗುತ್ತದೆ. ಹಾಗಾಗಿ ನಕ್ಷೆ, ಹಳೆಯ ಫೋಟೋ, ಪಂಚಾಯತ್ ಅನುದಾನದಲ್ಲಿ ಕಾಂಕ್ರೀಟ್ ಹಾಕಿದ ದಾಖಲೆ, ಹಿರಿಯರ ಹೇಳಿಕೆ ಮೊದಲೇ ಕೈಯಲ್ಲಿರಬೇಕು. ಕೋರ್ಟಿಗೆ ಹೋಗುವುದಾದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 91ನೇ ಕಲಂ ಪ್ರಕಾರ ಕೋರ್ಟಿನ ಅನುಮತಿ ಪಡೆದು ಇಬ್ಬರು ಸೇರಿ ದಾವೆ ಹೂಡಬಹುದು, ಸ್ವಂತಕ್ಕೆ ನಷ್ಟವಾಗಿರಲೇಬೇಕೆಂದಿಲ್ಲ.

ನಕ್ಷೆಯಲ್ಲಿ ಇಲ್ಲದ, ಇನ್ನೊಬ್ಬರ ವರ್ಗ ಜಾಗದಲ್ಲಿ ಹಾದುಹೋಗುವ ದಾರಿಯ ಲೆಕ್ಕ ಬೇರೆ. 1882ರ ಈಸ್‌ಮೆಂಟ್ ಕಾಯ್ದೆ ಪ್ರಕಾರ 20 ವರ್ಷ ಹಕ್ಕಿನಿಂದ, ತಡೆಯಿಲ್ಲದೆ ನಡೆದಿದ್ದರೆ ಹಕ್ಕು ಹುಟ್ಟುತ್ತದೆ. ಯಜಮಾನರ ಅನುಮತಿ ಕೇಳಿ ನಡೆದದ್ದು ಇದಕ್ಕೆ ಸೇರುವುದಿಲ್ಲ. ಮುಖ್ಯ ಸಂಗತಿ ಇದು: ದಾರಿ ಮುಚ್ಚಿ ಎರಡು ವರ್ಷದೊಳಗೆ ದಾವೆ ಹಾಕಬೇಕು. "ನೋಡುವ, ನೋಡುವ" ಅಂತ ಕೂತವರು ಕೋರ್ಟಿಗೆ ಹೋಗುವಾಗ ಹೊತ್ತು ಮೀರಿರುತ್ತದೆ. ವಕೀಲರ ಖರ್ಚಿಗೆ ಹೆದರಿ ಹಿಂದೆ ಸರಿಯುವ ಉಮ್ಮಂದಿರಿಗೆ ಒಂದು ಮಾತು: ಹೆಂಗಸರಿಗೆ ಆದಾಯ ಎಷ್ಟೇ ಇದ್ದರೂ ತಾಲೂಕು ಕಾನೂನು ಸೇವಾ ಸಮಿತಿಯಲ್ಲಿ ಉಚಿತ ನೆರವು ಉಂಟು.

ಇನ್ನು ನಮ್ಮ ಕಡೆಗೂ ನೋಡಬೇಕಲ್ಲ. ದಾರಿಯ ಮುಳ್ಳು ಸರಿಸುವುದು ಈಮಾನಿನ ಭಾಗವೆಂದು ಮದ್ರಸದ ಮಕ್ಕಳಿಗೂ ಗೊತ್ತು. ದಾರಿಯ ಅಗಲಕ್ಕೆ ತಕರಾರು ಬಂದರೆ ಏಳು ಮೊಳ ಬಿಡಬೇಕೆಂದು ಪ್ರವಾದಿ(ಸ)ಯವರು ತೀರ್ಪು ಕೊಟ್ಟದ್ದು ಬುಖಾರಿ, ಮುಸ್ಲಿಮ್ ಎರಡರಲ್ಲೂ ಉಂಟು. ಆದರೆ ಗಲ್ಫಿನಿಂದ ದುಡ್ಡು ಬಂದ ಕೂಡಲೇ ನಮ್ಮ ಕಂಪೌಂಡು ಒಂದಡಿ ಮುಂದೆ ನಡೆಯುತ್ತದೆ. ಮಸೀದಿಗಳೂ ಇದಕ್ಕೆ ಹೊರತಲ್ಲ. ಸಾರ್ವಜನಿಕ ಬೀದಿಯಲ್ಲಿ ಮಂದಿರ, ಮಸೀದಿ, ಚರ್ಚು ಯಾವುದನ್ನೂ ಅನಧಿಕೃತವಾಗಿ ಕಟ್ಟಬಾರದೆಂದು ಸುಪ್ರೀಂ ಕೋರ್ಟು 2009ರಲ್ಲೇ ಆದೇಶಿಸಿದೆ. ಕಮಿಟಿಯವರು ಬೇರೆಯವರ ಗೋಡೆ ಅಳೆಯುವ ಮೊದಲು ಮಸೀದಿಯ ಮೆಟ್ಟಿಲು, ಶೀಟಿನ ಮಾಡು ಎಲ್ಲಿಗೆ ಬಂದಿದೆ ಅಂತ ಒಮ್ಮೆ ಅಳೆಯಲಿ.

ಪಕ್ಕದ ಮೊಹಲ್ಲಾದ ಆ ಓಣಿ ನಕ್ಷೆಯಲ್ಲಿ ಇಲ್ಲ, ವರ್ಗ ಜಾಗದೊಳಗಿನದ್ದು. ಗೋಡೆ ಎದ್ದದ್ದು ಕಳೆದ ವರ್ಷದ ಬೇಸಿಗೆಯಲ್ಲಿ. ಬರುವ ಬೇಸಿಗೆಗೆ ಎರಡು ವರ್ಷ. ಓಣಿಯ ಕೊನೆಯ ಮನೆಗಳವರು ಇನ್ನೂ ಯಾವ ವಕೀಲರನ್ನೂ ಕಂಡಿಲ್ಲ.