ಮಂಜಿಗೂ ಬಿಲ್ಲು ಕಟ್ಟಬೇಕಾ ಸ್ವಾಮಿ?

ಬೆಂಗಳೂರಿನ ರೂಮುಗಳಲ್ಲಿ ಕೂತು ಇದನ್ನು ಓದುತ್ತಿರುವ ಕಡೂರು, ತರೀಕೆರೆ, ಅಜ್ಜಂಪುರದ ಹುಡುಗರೇ, ಹುಡುಗಿಯರೇ, ಹಬ್ಬಕ್ಕೆ ಊರಿಗೆ ಹೋದಾಗ ಒಂದು ಕೆಲಸ ಮಾಡಿ. ಬೆಳಿಗ್ಗೆ ಬೇಗ ಎದ್ದು ಮನೆ ಮುಂದಿನ ನೀರಿನ ಮೀಟರನ್ನು ಬಗ್ಗಿ ನೋಡಿ. ಅಂಕಿ ಕಾಣಿಸಿತೆ? ಕೆಲವರ ಮನೆಯಲ್ಲಿ ಕಾಣಿಸುವುದಿಲ್ಲ. ಗಾಜಿಗೆ ಮಂಜು ಕಟ್ಟಿರುತ್ತದೆ. ಎಷ್ಟು ಉಜ್ಜಿದರೂ ಹೋಗದು, ಏಕೆಂದರೆ ಅದು ಒಳಗಡೆ ಇದೆ!

ಇದೇನು ದೊಡ್ಡ ವಿಷಯ ಅಂತೀರಾ? ನಮ್ಮ ಅತ್ತಿಗೆಯನ್ನು ಕೇಳಿ. ಮೀಟರ್ ಓದುವ ಹುಡುಗ ಬೆಳಿಗ್ಗೆ ಬಂದ, ಬಗ್ಗಿದ, ಅಂಕಿ ಕಾಣಲಿಲ್ಲ ಎಂದು 'ಸರಾಸರಿ' ಬರೆದು ಹೋದ. ಮೂರು ಸಲ ಹಾಗೇ ಆಯಿತು. ನಡುವೆ ಒಂದು ತಿಂಗಳು ಅತ್ತಿಗೆ ಮನೆಗೆ ಬೀಗ ಹಾಕಿ ಮಗಳ ಬಾಣಂತನಕ್ಕೆ ಹೋಗಿದ್ದರು. ಆ ತಿಂಗಳೂ ಅದೇ ಬಿಲ್ಲು! ಯಾವ ಊರು, ಯಾವ ಕಚೇರಿ ಎಂದು ಬರೆಯುವುದಿಲ್ಲ. ಬೇರೆ ಊರಿನವರೂ ಇದೇ ಕಥೆ ಹೇಳಿದ್ದಾರೆ.

ನಾನು ಓದಿದ್ದು ಪಿಯುಸಿ, ಮಾಡುವುದು ಪ್ರೆಸ್ಸು. ಮಳೆಗಾಲದಲ್ಲಿ ಕಾಗದ ತೇವ ಕುಡಿದು ಹಿಗ್ಗಿ, ಒಂದು ಬಣ್ಣದ ಮೇಲೆ ಇನ್ನೊಂದು ಕೂರದೆ ಒದ್ದಾಡಿದವನು. ಹಾಗಾಗಿ ತೇವದ ಸ್ವಭಾವ ಸ್ವಲ್ಪ ಗೊತ್ತು. ತಣ್ಣಗಿರುವ ಜಾಗ ಹುಡುಕಿಕೊಂಡು ಹೋಗಿ ಕೂರುವುದೇ ಅದರ ಸ್ವಭಾವ. ರಾತ್ರಿ ಬಯಲಲ್ಲಿ ನಿಲ್ಲಿಸಿದ ಬೈಕಿನ ಸೀಟು ಬೆಳಿಗ್ಗೆ ಒದ್ದೆ, ಶೆಡ್ಡಿನಲ್ಲಿದ್ದದ್ದು ಒಣ. ನೋಡಿದ್ದೀರಲ್ಲ? ಬಯಲಿನ ಸೀಟು ಆಕಾಶಕ್ಕೆ ಶಾಖ ಬಿಟ್ಟು ತಣ್ಣಗಾಗುತ್ತದೆ. ಮೀಟರಿನ ಗಾಜಿಗೂ ಅದೇ ಗತಿ. ಒಳಗೆ ಸಿಕ್ಕಿಕೊಂಡ ತೇವ ಗಾಜಿಗೆ ಅಂಟುತ್ತದೆ. ತರೀಕೆರೆ ಕಡೆ ಮಳೆಗಾಲದ ಶೀತ, ಕಡೂರಿನ ಬಯಲಿನಲ್ಲಿ ಮಾಗಿಯ ಚಳಿ, ಅಜ್ಜಂಪುರಕ್ಕೆ ಎರಡೂ ಸ್ವಲ್ಪ ಸ್ವಲ್ಪ. ಮಧ್ಯಾಹ್ನ ಬಿಸಿಲು ಬಿದ್ದು ಗಾಜು ಕಾದರೆ ಸಾಮಾನ್ಯವಾಗಿ ಮಂಜು ತಾನೇ ಬಿಡುತ್ತದೆ.

ಈಗ ಮುಖ್ಯ ಮಾತಿಗೆ ಬನ್ನಿ. ಮಂಜು ಕಟ್ಟಿದ ಮಾತ್ರಕ್ಕೆ ಮೀಟರು ಲೆಕ್ಕ ಮರೆಯುವುದಿಲ್ಲ. ಒಳಗಿನ ಚಕ್ರ ನೀರಿನಿಂದ ತಿರುಗುತ್ತದೆ, ಅಯಸ್ಕಾಂತದ ಮೂಲಕ ಮೇಲಿನ ಅಂಕಿಗಳು ತಿರುಗುತ್ತವೆ. ಕಪ್ಪು ಅಂಕಿ ಸಾವಿರ ಲೀಟರಿನ ಲೆಕ್ಕ, ಕೆಂಪು ಅದಕ್ಕಿಂತ ಕಡಿಮೆಯದು. ಎಲ್ಲಾ ತಿಂಗಳದ್ದೂ ಕೂಡಿಕೊಂಡೇ ಹೋಗುತ್ತದೆ. ಅಂದರೆ ಮುಂದಿನ ಸಲ ಅಂಕಿ ಕಂಡಾಗ ಹಿಂದಿನ 'ಸರಾಸರಿ'ಗಳನ್ನೆಲ್ಲ ಕಳೆದು ಹೊಂದಿಸಬಹುದು. ಸತ್ಯ ಗಾಜಿನ ಹಿಂದೆಯೇ ಇರುವಾಗ ಊಹೆಗೆ ದುಡ್ಡು ಕೇಳುವುದು ಯಾವ ನ್ಯಾಯ?

ನಾನು ಮಾಡಿದ್ದು ಇಷ್ಟೇ. ಮಧ್ಯಾಹ್ನ ಒಂದು ಗಂಟೆಗೆ ಹೋಗಿ ಮೊಬೈಲಿನಲ್ಲಿ ಮೀಟರಿನ ನಂಬರೂ ಅಂಕಿಯೂ ಒಟ್ಟಿಗೆ ಕಾಣುವಂತೆ ಫೋಟೋ ತೆಗೆದೆ. ಕನ್ನಡದಲ್ಲಿ ಅರ್ಜಿ ಬರೆದು, ನಕಲಿಗೆ ಮೊಹರು ಹಾಕಿಸಿಕೊಂಡೆ. ಎರಡು ಸಲ ವಾಪಸ್ ಕಳಿಸಿದರು, ಮೂರನೇ ಸಲ ಹೊಂದಿಸಿಕೊಟ್ಟರು. ಬಿಸಿಲೇ ಇಲ್ಲದ ದಿನವಾದರೆ ಬೆಚ್ಚನೆ ನೀರಿನಲ್ಲಿ ಹಿಂಡಿದ ಬಟ್ಟೆಯನ್ನು ಗಾಜಿನ ಮೇಲೆ ಸ್ವಲ್ಪ ಹೊತ್ತು ಇಡಿ. ಕುದಿಯುವ ನೀರು ಸುರಿಯಬೇಡಿ, ಬಿರುಕು ಬಿಡುತ್ತದೆ. ಸೀಲು ಮಾತ್ರ ಮುಟ್ಟಲೇಬೇಡಿ, ತಪ್ಪು ನಿಮ್ಮ ತಲೆಗೇ ಬರುತ್ತದೆ! ಮಂಜು ಬಂದು ಹೋಗುತ್ತಿದ್ದರೆ ಸರಿ. ಹನಿ ಹನಿಯಾಗಿ ನೀರೇ ನಿಂತಿದ್ದರೆ ಒಳಗಿನ ಬಿಗಿ ಹೋಗಿದೆ ಅಂತ ಅರ್ಥ. ಬದಲಿಸಿಕೊಡಿ ಎಂದು ಬರೆದುಕೊಡಿ.

ಕೊಳ್ಳುವವರೂ ಸ್ವಲ್ಪ ಕಣ್ಣು ಬಿಡಲಿ. 2019ರಲ್ಲಿ ಬಂದ ಜಲಜೀವನ್ ಮಿಷನ್, ನಮ್ಮಲ್ಲಿ 'ಮನೆ ಮನೆಗೆ ಗಂಗೆ' ಎಂಬ ಹೆಸರಲ್ಲಿ ಹಳ್ಳಿಗಳ ಅಂಗಳಕ್ಕೂ ನಲ್ಲಿ ತಂದಿತು. ನಲ್ಲಿ ಬಂದ ಕಡೆ ಇವತ್ತಲ್ಲ ನಾಳೆ ಮೀಟರು ಓದುವವನೂ ಬರುತ್ತಾನೆ. ಮನೆಬಳಕೆಯ ಮೀಟರಿಗೆ ಐಎಸ್ 779 ಎಂಬ ಮಾನದಂಡವಿದೆ. ಅಂಕಿ ಭಾಗವನ್ನು ತಾಮ್ರದ ಡಬ್ಬಿಯಲ್ಲಿ ಪೂರ್ತಿ ಬಿಗಿದು ಮುಚ್ಚಿದ, ಐಪಿ 68 ದರ್ಜೆಯ ಮೀಟರುಗಳೂ ಸಿಗುತ್ತವೆ. ನೀರಲ್ಲಿ ಮುಳುಗಿದರೂ ಅದರೊಳಗೆ ತೇವ ಹೋಗದು. ಟೆಂಡರಿನಲ್ಲಿ ಈ ಒಂದು ಸಾಲು ಸೇರಿಸಲು ಎಷ್ಟು ಶಾಯಿ ಬೇಕು? ಪ್ರೆಸ್ಸಿನವನು ಕೇಳುತ್ತಿದ್ದೇನೆ. ಅಂಕಿ ಕಾಣದ ಮನೆಗೆ ಮಧ್ಯಾಹ್ನ ಇನ್ನೊಂದು ಸಲ ಹೋಗಿ ಬನ್ನಿ ಎಂದು ಆ ಹುಡುಗನಿಗೆ ಹೇಳಲು ಅದೂ ಬೇಡ.

ಅತ್ತಿಗೆ ಈಗ ಮೀಟರಿನ ಮೇಲೆ, ಎರಡು ಇಟ್ಟಿಗೆಯ ಆಸರೆ ಕೊಟ್ಟು, ಹಳೇ ಮಂಗಳೂರು ಹಂಚೊಂದನ್ನು ಮುಚ್ಚಿದ್ದಾರೆ. ಆಕಾಶ ಕಾಣದ ಗಾಜಿಗೆ ಮಂಜು ಕಡಿಮೆ. ಓದುವ ಹುಡುಗ ಬಂದರೆ ತಾವೇ ಹಂಚು ಎತ್ತಿ, "ಅಂಕಿ ಜೋರಾಗಿ ಓದಪ್ಪ, ನಾನೂ ಬರ್ಕೋತೀನಿ" ಅಂತಾರೆ.